ಗ್ರಾಂಟ್‌ರೋಡೀಯ ಸ್ವಸಮ್ಮೋಹನ ಮೀಮಾಂಸೆ

ಇದು ಜೋಂಪಿನ ವಿಚಾರ. ಜಾಗೃತ್, ಸ್ವಪ್ನ, ಸುಷುಪ್ತಿ ಎಂದು ಮೂರನ್ನು ಎಣಿಸಿದ ಪ್ರಾಚೀನರು ತುರೀಯವೆಂಬ ನಾಲ್ಕನೆಯದನ್ನು ಬಗಲಲ್ಲಿ ಕೂರಿಸಿದರು. ಮುಂಬಯಿಯ ಲೋಕಲ್ ರೈಲಿನಲ್ಲಿ ಮೂವರ ಬೆಂಚಿನ ತುದಿಯಲ್ಲಿ ಅರ್ಧ ಕುಂಡೆ ಊರಿ, ಇನ್ನರ್ಧವನ್ನು ದೈವಕ್ಕೆ ಬಿಟ್ಟು ಕೂರುವ ‘ಚೌಥಿ ಸೀಟ್’ ಅದೇ ಎಂಬುದು ಈ ಪ್ರಬಂಧದ ಮೊದಲ ಸ್ಥಾಪನೆ. ಚರ್ಚ್‌ಗೇಟಿನಿಂದ ವಿರಾರಿನವರೆಗೆ 60 ಕಿಲೋಮೀಟರ್ ಹಳಿ. ಸಾಧನಾಭೂಮಿ ಇಷ್ಟೆ.

ಪೂರ್ವಪಕ್ಷದವರು ‘ಇದು ಬರೀ ನಿದ್ದೆ’ ಎನ್ನುತ್ತಾರೆ. ಹಾಗಲ್ಲ. ನಿದ್ದೆ ಹೋದವನ ಕೈ ಸಡಿಲಾಗುತ್ತದೆ. ಸಾಧಕನ ಕೈ ಎದೆಗವಚಿದ ಚೀಲವನ್ನು ಬಿಡುವುದಿಲ್ಲ. ಅವನ ತಲೆ ಪಕ್ಕದವರ ಹೆಗಲಿನತ್ತ ವಾಲುತ್ತ ವಾಲುತ್ತ ಬಂದು, ಒಂದಂಗುಲ ಬಾಕಿ ಇರುವಾಗ ತಾನಾಗಿ ಹಿಂದಿರುಗುತ್ತದೆ. ಹಿಂದಿರುಗದಿದ್ದರೆ ಅವನು ಯೋಗಭ್ರಷ್ಟ. ಯೋಗಭ್ರಷ್ಟನ ಗತಿಯೇನೆಂದು ಅರ್ಜುನ ಕೇಳಿದ್ದುಂಟು. ವಿರಾರ್ ಎಂದು ನಮ್ಮ ಉತ್ತರ.

ಪಾಶ್ಚಾತ್ಯರ ಮತವನ್ನೂ ನೋಡೋಣ. ಮ್ಯಾಂಚೆಸ್ಟರಿನಲ್ಲಿದ್ದ ಸ್ಕಾಟಿಷ್ ಶಸ್ತ್ರವೈದ್ಯ ಜೇಮ್ಸ್ ಬ್ರೇಡ್ 1841ರಲ್ಲಿ ಲಾಫೊಂಟೇನ್ ಎಂಬಾತನ ಸಮ್ಮೋಹನದ ಆಟ ನೋಡಿದ. ಆಟಗಾರನ ಬೆರಳಿನಿಂದ ಯಾವ ಕಾಂತದ್ರವವೂ ಹರಿಯುತ್ತಿಲ್ಲ, ಕಣ್ಣಿಗಿಂತ ತುಸು ಮೇಲಿರುವ ಹೊಳೆಯುವ ವಸ್ತುವನ್ನು ಎವೆಯಿಕ್ಕದೆ ನೋಡಿದರೆ ಸಾಕು ಎಂದು ಕಂಡುಕೊಂಡು 1843ರಲ್ಲಿ ಪುಸ್ತಕ ಬರೆದ. ಆಮೇಲೆ ತನ್ನ ವಾತದ ನೋವಿಗೆ ತಾನೇ ಮಂಪರು ತಂದುಕೊಂಡ. ಕಣ್ಣಿಗಿಂತ ತುಸು ಮೇಲೆ, ಹೊಳೆಯುತ್ತ, ತೂಗುತ್ತ ಇರುವುದು ಲೋಕಲ್ ಡಬ್ಬಿಯ ಹಿಡಿಕೆಗಳಲ್ಲದೆ ಮತ್ತೇನು? ಪಾಪ, ಬ್ರೇಡ್ ಒಂದೇ ವಸ್ತುವಿನಿಂದ ಸುಧಾರಿಸಿದ. ನಮಗೆ ಸಾಲುಸಾಲು.

ಈಗ ಸಿದ್ಧಾಂತ. ಗ್ರಾಂಟ್ ರೋಡಿನ ಕನ್ನಡಿಗನಿಗೆ ಈ ವಿದ್ಯೆ ಬಂದದ್ದು ಮ್ಯಾಂಚೆಸ್ಟರಿನಿಂದಲ್ಲ, ಬಯಲಾಟದ ಗದ್ದೆಯಿಂದ.

ಆಧಾರ ಉಂಟು. ಕರ್ನಾಟಕದ ಕಡೆಯ ಭಾಗವತ ಮೇಳವೊಂದು 1842ರಲ್ಲಿ ಸಾಂಗ್ಲಿಗೆ ಹೋಗಿ ಆಡಿತು. ಅಲ್ಲಿನ ರಾಜರು ‘ನಮ್ಮಲ್ಲೂ ಇಂಥದ್ದಾಗಲಿ’ ಎಂದದ್ದರಿಂದ ವಿಷ್ಣುದಾಸ ಭಾವೆಯವರು 1843ರಲ್ಲಿ ಮರಾಠಿಯಲ್ಲಿ ‘ಸೀತಾ ಸ್ವಯಂವರ’ ನಾಟಕ ಕಟ್ಟಿದರು. ಬ್ರೇಡನ ಪುಸ್ತಕವೂ ಅದೇ ವರ್ಷದ್ದು! ಇದನ್ನು ಕಾಕತಾಳೀಯ ಎಂದರೆ ಪ್ರಬಂಧ ಇಲ್ಲಿಗೇ ನಿಲ್ಲುತ್ತದೆ, ಆದ್ದರಿಂದ ಅಲ್ಲ. ಹತ್ತು ವರ್ಷದ ಮೇಲೆ, 1853ರಲ್ಲಿ, ಭಾವೆಯವರ ಮಂಡಳಿ ಮುಂಬಯಿಗೆ ಬಂದು ಆಡಿದ್ದು ಎಲ್ಲಿ? ಗ್ರಾಂಟ್ ರೋಡ್ ಥಿಯೇಟರಿನಲ್ಲಿ. ನಮ್ಮ ದೇವರೂ ರಾಕ್ಷಸರೂ ಮರಾಠಿ ಕಲಿತು ಬಂದಿಳಿದಾಗ ಅಲ್ಲಿ ರೈಲು ನಿಲ್ದಾಣವೇ ಇರಲಿಲ್ಲ.

ಬಯಲಾಟ ನೋಡಿದವರಿಗೆ ಉಳಿದದ್ದನ್ನು ವಿವರಿಸಬೇಕಿಲ್ಲ. ಆದರೂ ಸಂಶೋಧಕನ ಚಟ. ರಾತ್ರಿ ಇಡೀ ಆಟ. ಗದ್ದೆಯಲ್ಲಿ ಚಾಪೆ. ಭಾಗವತರು ಪದ ಎತ್ತುತ್ತಾರೆ, ವೇಷಧಾರಿ ಅರ್ಥ ಹೇಳತೊಡಗುತ್ತಾನೆ, ಅರ್ಥ ಮುಗಿಯುವುದಿಲ್ಲ. ಎರಡು ಗಂಟೆಯ ಹೊತ್ತಿಗೆ ಸಭೆಯ ಅರ್ಧ ಅಡ್ಡ ಬಿದ್ದಿರುತ್ತದೆ. ಆದರೆ ಕಿವಿ ಮಲಗಿರುವುದಿಲ್ಲ. ಚೆಂಡೆಯ ಪೆಟ್ಟು ಬದಲಾಗಿ, ದೊಂದಿಗೆ ರಾಳದ ಪುಡಿ ಬಿದ್ದು ಬೆಂಕಿ ಭಗ್ಗೆಂದು, ಬಣ್ಣದ ವೇಷ ಆರ್ಭಟಿಸುವ ಒಂದು ಕ್ಷಣ ಮೊದಲು ಮಕ್ಕಳುಮರಿ ಸಹಿತ ಎಲ್ಲರೂ ಎದ್ದು ಕೂತಿರುತ್ತಾರೆ. ಮೊದಲು ಎಂಬುದನ್ನು ಗಮನಿಸಬೇಕು. ಆರ್ಭಟ ಕೇಳಿದ ಮೇಲೆ ಕತ್ತೆಯೂ ಏಳುತ್ತದೆ.

ಈ ತಾಲೀಮು ಮುಗಿಸಿದ ಹುಡುಗ ಮುಂಬಯಿಗೆ ಬಂದು ಹೋಟೆಲಿನಲ್ಲಿ ಲೋಟ ತೊಳೆದು, ನೈಟ್ ಸ್ಕೂಲಿನಲ್ಲಿ ಓದಿ, ಕಡೆಗೆ ಲೋಕಲ್ ಹತ್ತುತ್ತಾನೆ. ಕಣ್ಣು ಮುಚ್ಚಿದರೆ ಗದ್ದೆ, ಚಾಪೆ, ಅಮ್ಮನ ಸೆರಗು. ಮೇಳಗಳ ತಿರುಗಾಟ ಮುಗಿಯುವ ಪತ್ತನಾಜೆಗೆ ಗೆಜ್ಜೆ ಬಿಚ್ಚಿದ ಮೇಲೆ ಊರಿನ ಕಲಾವಿದರು ಮಳೆಗಾಲದಲ್ಲಿ ಇಲ್ಲಿಗೇ ಬಂದು ಆಡಿಹೋಗುವುದರಿಂದ ಅಭ್ಯಾಸ ತಪ್ಪುವುದೂ ಇಲ್ಲ.

ಸಂಜೆಯ ಸಾಧನೆ ಇನ್ನೂ ಕಠಿಣ. ವಿರಾರ್ ಕಡೆಗೆ ಹೋಗಬೇಕಾದವನು ಗ್ರಾಂಟ್ ರೋಡಿನಲ್ಲಿ ಉಲ್ಟಾ ಗಾಡಿ ಹತ್ತಿ, ಚರ್ನಿ ರೋಡ್, ಮರೀನ್ ಲೈನ್ಸ್ ದಾಟಿ, ಚರ್ಚ್‌ಗೇಟಿನಲ್ಲಿ ಇಳಿಯದೆ ಸೀಟು ಹಿಡಿದು, ಅರ್ಧ ಗಂಟೆಯ ಮೇಲೆ ಮತ್ತದೇ ಗ್ರಾಂಟ್ ರೋಡನ್ನು ಕಿಟಕಿಯಲ್ಲಿ ಕಾಣುತ್ತಾನೆ. ಕಂಡೂ ತಾನು ಮುಂದೆ ಸಾಗಿದ್ದೇನೆಂದು ನಂಬುತ್ತಾನೆ. ಸ್ವಸಮ್ಮೋಹನಕ್ಕೆ ಇದಕ್ಕಿಂತ ಶುದ್ಧ ಉದಾಹರಣೆ ಬ್ರೇಡನಿಗೂ ಸಿಕ್ಕಿರಲಾರದು.

ಕ್ಷೇತ್ರಕಾರ್ಯಕ್ಕೆಂದು ಒಂದು ಬೆಳಿಗ್ಗೆ ಕಾಗದ ಪೆನ್ನು ಹಿಡಿದು ಬೋರಿವಲಿಯಿಂದ ಹೊರಟೆ. ಎದುರಿಗೆ ಒಬ್ಬ ಹಿರಿಯರು, ನಮ್ಮ ಕರಾವಳಿಯವರೇ, ಅಂಧೇರಿಯಿಂದ ಕಣ್ಣು ತೆರೆದಿರಲಿಲ್ಲ. ಮುಂಬೈ ಸೆಂಟ್ರಲ್ ಬಿಟ್ಟದ್ದೇ ತಡ, ಧ್ವನಿವರ್ಧಕ ‘ಪುಢೀಲ್ ಸ್ಟೇಷನ್’ ಎನ್ನುವುದಕ್ಕೂ ಮೊದಲೇ ಎದ್ದು ನಿಂತರು.

“ಅಣ್ಣಾ, ನಿಮಗೆ ಹೇಗೆ ಎಚ್ಚರ ಆಗ್ತದೆ?” ಎಂದೆ.

“ಇದೆಂಥ ಪ್ರಶ್ನೆ ಮಾರಾಯ್ರೆ! ಮಹಿಷಾಸುರ ಸಭೆಯ ಮಧ್ಯದಿಂದ ಬರುವಾಗ ನೀವು ಮಲಗಿಯೇ ಇರ್ತೀರಾ?”

ತೂಕದ ಮಾತು. ಮರೆತುಹೋಗಬಾರದೆಂದು ಅಲ್ಲೇ ಬರೆದುಕೊಂಡೆ. ಮಹಿಷಾಸುರನಿಗೊಂದು ಅಡಿಗೆರೆ ಎಳೆದು ತಲೆಯೆತ್ತಿದಾಗ ಅವರು ಇಳಿದಾಗಿತ್ತು. ನಾನು ಇಳಿಯಬೇಕಿದ್ದ ಗ್ರಾಂಟ್ ರೋಡ್ ಹಿಂದಕ್ಕೆ ಹೋಗಿತ್ತು. ‘ಪುಢೀಲ್ ಸ್ಟೇಷನ್, ಚರ್ನಿ ರೋಡ್.’