ಕಡಾಯಿ ಕಳೆದ ಕಂಪ್ಯೂಟರು

ಮತ್ತಿಘಟ್ಟದಲ್ಲಿ ಕರೆಂಟು ಬಂದ ಶುಭಗಳಿಗೆ ನೋಡಿ, ಮಗನ ಉಪನಯನದ ಕರೆಯೋಲೆಗೆ ಮಂಟಪ ಬಿಡಿಸಲು ಕೂತೆ. ಚಿತ್ರದ ತಂತ್ರಾಂಶ ಏಳಲೊಲ್ಲದು. ‘ಎಂಎಸ್‌ವಿಸಿಪಿ140 ಡಿಎಲ್‌ಎಲ್ ಸಿಗುತ್ತಿಲ್ಲ’ ಎಂದಿತು.

‘ಅಟ್ಟದ ಮೇಲೆ ನೋಡಿದ್ರಾ?’ ಎಂದಳು ನನ್ನವಳು.

ಬೆಂಗಳೂರಿನ ಅಳಿಯನಿಗೆ ಫೋನಾಯಿತು. ಡಿಎಲ್‌ಎಲ್ ಅಂದರೆ ಕೇರಿಯ ದೊಡ್ಡ ಕಡಾಯಿಯಂತೆ. ಮನೆಗೊಂದಿರುವುದಿಲ್ಲ, ಹತ್ತು ತಂತ್ರಾಂಶಗಳು ಒಂದನ್ನೇ ಒಯ್ದು ಬಳಸುತ್ತವೆ. ಹೋದ ವಾರ ನಾನು ಕಸವೆಂದು ಅಳಿಸಿದ್ದು ಅದನ್ನೇ!

‘ಕಂಡಕಂಡಲ್ಲಿ ಅದೊಂದೇ ಫೈಲು ಇಳಿಸ್ಕಳಡಿ ಮಾವಾ, ವೈರಸ್ಸೂ ಬತ್ತು. ಮೈಕ್ರೋಸಾಫ್ಟಿನ ತಾಣದಿಂದಲೇ ವಿಷುಯಲ್ ಸಿ ಪ್ಲಸ್ ಪ್ಲಸ್ ರೀಡಿಸ್ಟ್ರಿಬ್ಯೂಟಬಲ್ ಹಾಕಿ. 64 ಬಿಟ್ಟಿಂದು, 32 ಬಿಟ್ಟಿಂದು ಎರಡೂ.’

ಹೆಸರು ಬರೆದುಕೊಳ್ಳುವಷ್ಟರಲ್ಲಿ ಬಾಯಲ್ಲಿದ್ದ ಕವಳ ಮುಗಿಯಿತು. ಹಾಕಿದೆ; ಮಂಟಪವೂ ಎದ್ದಿತು.

ಒಳಗಿಂದ ದನಿ: ‘ಹಂಗಾದ್ರೆ ನಮ್ಮನೆ ಕಡಾಯಿ ಯಾರ ಮನೇಲಿದ್ದು?’