ಶುಂಠಿ ಬಿಸ್ಕತ್ತನ್ನು ಕಲ್ಲಾಗಿಸುವ ಕ್ರಮ

ಮೊದಲು ಅಜ್ಜಿಯನ್ನು ಅಡುಗೆಮನೆಯಿಂದ ಆಚೆ ಕಳಿಸಿ. ವರ್ಷವರ್ಷವೂ ಕಜ್ಜಾಯಕ್ಕೆ ಪಾಕ ಹಿಡಿದ ಕೈ ಪಕ್ಕದಲ್ಲಿದ್ದರೆ ಬಿಸ್ಕತ್ತು ಚೆನ್ನಾಗಿ ಬಂದುಬಿಡುವ ಅಪಾಯವಿದೆ. ಜಗಲಿಯಲ್ಲಿ ಕೂರಿಸಿ, ಬಿಡಿಸಲು ಒಂದು ಮೊರ ಕಡಲೇಕಾಯಿ ಕೊಡಿ. ಮಳೆ ಕೈಕೊಟ್ಟ ವರ್ಷವೂ ನಮ್ಮ ಅನಂತಪುರ ಜಿಲ್ಲೆಯಲ್ಲಿ ಆ ಕೆಲಸಕ್ಕೆ ಬರವಿಲ್ಲ.

ಈಗ ಅಮೆರಿಕದ ನಾದಿನಿ ಕಳಿಸಿದ ವಿಡಿಯೊ ತೆರೆಯಿರಿ. 'ಮೊಲಾಸಸ್' ಬೇಕು ಅನ್ನುತ್ತಾಳೆ. ಅಂದರೆ ಕಾಕಂಬಿ, ಸಕ್ಕರೆ ಹರಳು ತೆಗೆದ ಮೇಲೆ ಕಾರ್ಖಾನೆಯಲ್ಲಿ ಉಳಿಯುವ ಕಪ್ಪು ಪಾಕ. ಸೆಟ್ಟೂರಿನ ಕಿರಾಣಿ ಅಂಗಡಿಗೆ ಹೋಗಿ, ನಾಲ್ಕು ಜನ ಇರುವಾಗ, ಜೋರಾಗಿ ಕೇಳಿ. ಕಾಕಂಬಿ ಅಂದರೆ ದನದ ಮೇವಿಗೆ ಇಲ್ಲವೇ ಭಟ್ಟಿಗೆ ಅಂತ ಎಲ್ಲರಿಗೂ ಗೊತ್ತು. ಇದರ ಮೇಲೆ ಕಣ್ಣಿಡಲು ದೆಹಲಿಯವರು 1961ರಲ್ಲೇ ನಿಯಂತ್ರಣ ಆದೇಶ ತಂದಿದ್ದರು. ನಿಮ್ಮ ಮನೆಯವರ ಬಗ್ಗೆ ಊರು ಏನು ಮಾತಾಡುತ್ತದೋ ಮಾತಾಡಲಿ, ನೀವು ಬೆಲ್ಲ ಕೊಂಡು ಬನ್ನಿ.

ಬೆಲ್ಲದಲ್ಲಿ ಹಳದಿಗೆ ಹೊಳೆಯುವುದನ್ನೇ ಆರಿಸಿ. ಆ ಹೊಳಪು ಆಲೆಮನೆಯಲ್ಲಿ ಹೈಡ್ರೋಸ್ ಹಾಕಿ ಬರಿಸಿದ್ದಿರಬಹುದು, ಇರಲಿ, ನೋಡಲು ಲಕ್ಷಣವಾಗಿದೆ. ಕಾಕಂಬಿಯ ಘಮಕ್ಕೆ ಹತ್ತಿರ ಬರುವ ಕಪ್ಪು ಬೆಲ್ಲವನ್ನು ಮುಟ್ಟಲೇಬೇಡಿ.

ಬೆಲ್ಲ ಕರಗಿದ ಕೂಡಲೇ ಸೋಸಿ ಆರಿಸಬೇಕು ಅಂತ ಅಜ್ಜಿ ಜಗಲಿಯಿಂದಲೇ ಕೂಗುತ್ತಾಳೆ. ಮಿಕ್ಸಿ ಹಾಕಿ, ಕೇಳಿಸುವುದಿಲ್ಲ. ಪಾಕವನ್ನು ಕುದಿಸುತ್ತಲೇ ಇರಿ. ನೀರಿಗೆ ಒಂದು ತೊಟ್ಟು ಬಿಟ್ಟು ತೆಗೆದು ತಟ್ಟೆಗೆ ಹಾಕಿದರೆ ಟಣ್ ಅನ್ನಬೇಕು. ಅರ್ಧವನ್ನು ಸುಡುಸುಡುವಾಗಲೇ ಬೆಣ್ಣೆಯ ಮೇಲೆ ಸುರಿಯಿರಿ. ಬೆಣ್ಣೆ ಎಣ್ಣೆಯಾಗಿ ತೇಲಿದರೆ ದಾರಿ ಸರಿಯಿದೆ. ಉರಿ ಆರಿಸಿ, ಇನ್ನರ್ಧ ಪಾತ್ರೆಯಲ್ಲೇ ಇರಲಿ, ಅದರ ಕೆಲಸ ಆಮೇಲಿದೆ.

ಒಣಶುಂಠಿ ಕುಟ್ಟುವುದು ಬಾಣಂತಿ ಇರುವ ಮನೆಯ ಕೆಲಸ. ನೀವು ಹಸಿಶುಂಠಿ ತುರಿದು, ರಸ ನಾರು ಸಮೇತ ಹಾಕಿ. ಕಾಲು ಕೆಜಿ ಮೈದಾಕ್ಕೆ ಒಂದು ಚಮಚ ಅಡುಗೆ ಸೋಡಾ ಸಾಕು ಅನ್ನುತ್ತಾರೆ. ಮೂರು ಹಾಕಿ. ಸೋಡಾ ಉಬ್ಬಬೇಕಾದರೆ ಹುಳಿ ಬೇಕು, ಕಾಕಂಬಿಯಲ್ಲಿ ಆ ಹುಳಿ ಇತ್ತು. ನಿಮ್ಮದರಲ್ಲಿ ಸಾಲದೆ ಉಳಿದ ಸೋಡಾ ನಾಲಗೆಗೆ ಸೋಪಿನ ರುಚಿ ಕೊಡುತ್ತದೆ. ಹಲ್ಲುಜ್ಜದ ಮಕ್ಕಳಿಗೆ ಒಳ್ಳೆಯದೇ.

ಹಿಟ್ಟನ್ನು ಒಂದು ಗಂಟೆ ಫ್ರಿಜ್ಜಿನಲ್ಲಿಡಿ ಅಂದಾಗ ಹೂಂ ಅನ್ನಿ, ಇಡಬೇಡಿ. ಏಪ್ರಿಲ್ ಮಧ್ಯಾಹ್ನ ಮಾಳಿಗೆಯ ಕೆಳಗೆ ಹತ್ತು ನಿಮಿಷ ಬಿಟ್ಟರೆ ಉಂಡೆಗಳು ತಾವೇ ಹರಡಿಕೊಂಡು ದೋಸೆಯಾಗುತ್ತವೆ. ತಟ್ಟುವ ಶ್ರಮ ಉಳಿಯಿತು.

ಓವನ್ ಇಲ್ಲವೆಂದು ಕೊರಗಬೇಡಿ. ಅಜ್ಜಿ ಕಡಲೇಕಾಯಿ ಹುರಿಯುವ ಮರಳನ್ನು ಕುಕ್ಕರಿನ ತಳಕ್ಕೆ ಹರಡಿ, ಮೇಲೆ ತಟ್ಟೆ ಇಡಿ. ಗ್ಯಾಸ್ಕೆಟ್ಟನ್ನೂ ವೆಯಿಟ್ಟನ್ನೂ ಮಾತ್ರ ತೆಗೆದಿಡಿ (ಇದೊಂದು ನಿಜವಾದ ಸಲಹೆ, ಕುಕ್ಕರು ನನ್ನದೂ ಒಂದು ಹೋಗಿದೆ). ಮರಳು ಮೊದಲೇ ಕಾಯಲಿ ಅಂತ ಕಾಯುತ್ತ ಕೂರಬೇಡಿ. ಹನ್ನೆರಡನೇ ನಿಮಿಷಕ್ಕೆ ಮುಚ್ಚಳ ತೆಗೆದು ಬೆರಳಿನಿಂದ ಒತ್ತಿ. ಮೆತ್ತಗಿರುತ್ತದೆ. ಇಂಥ ಬಿಸ್ಕತ್ತು ಮೆತ್ತಗೇ ಹೊರಬಂದು ಆರುತ್ತ ಗಟ್ಟಿಯಾಗುವುದು ಅನ್ನುವುದನ್ನು ನಂಬಬೇಡಿ. ಒಳಗೇ ಗಟ್ಟಿಯಾಗುವವರೆಗೆ, ಅಂದರೆ ಇನ್ನೊಂದು ಇಪ್ಪತ್ತೈದು ನಿಮಿಷ, ಧಾರಾವಾಹಿ ನೋಡಿ.

ಹೊರತೆಗೆದದ್ದನ್ನು ನೆಲಕ್ಕೆ ಬೀಳಿಸಿ ಪರೀಕ್ಷಿಸಿ. ಬಂಡೆಗೆ ಏಟಾದರೆ ನೀವು ಪಾಸು.

ಇಷ್ಟರಲ್ಲಿ ಅಜ್ಜಿ ಬಂದು, ಒಲೆಯ ಮೇಲೆ ಉಳಿದ ಪಾಕ ನೋಡುತ್ತಾಳೆ. ತಡೆಯಬೇಡಿ. ಬಿಡಿಸಿದ ಕಡಲೇಕಾಯಿಯನ್ನು ಹುರಿದು, ಸಿಪ್ಪೆ ಉಜ್ಜಿ, ಒಂದು ಚಿಟಿಕೆ ಒಣಶುಂಠಿ ಪುಡಿಯೊಂದಿಗೆ ಮತ್ತೆ ಕರಗಿಸಿದ ಪಾಕಕ್ಕೆ ಸುರಿದು, ತುಪ್ಪ ಸವರಿದ ತಟ್ಟೆಗೆ ಬಡಿದು ಬಿಲ್ಲೆ ಕತ್ತರಿಸುತ್ತಾಳೆ. ಮಕ್ಕಳು ಬರುವುದರೊಳಗೆ ಎಂಟು ಬಿಲ್ಲೆ ಎತ್ತಿ ಪಿಂಗಾಣಿ ತಟ್ಟೆಯಲ್ಲಿ ಜೋಡಿಸಿ. ಕಿಟಕಿಯ ಬೆಳಕಿನಲ್ಲಿ ಫೋಟೊ ತೆಗೆದು, 'ಮೊದಲ ಸಲವೇ ಬಂತು' ಅಂತ ಬರೆದು ನಾದಿನಿಗೆ ಕಳಿಸಿ. ಫೋಟೊದ ಮೂಲೆಯಲ್ಲಿ ಅಜ್ಜಿಯ ಬಳೆ ಕಾಣದಂತೆ ನೋಡಿಕೊಳ್ಳಿ.