ಸ್ವೈಪ್ ಮೀಮಾಂಸೆ: ಒಂದು ಬಹುಶಿಸ್ತೀಯ ಅನುಸಂಧಾನ

1. ಪ್ರಸ್ತಾವನೆ

ಅಪರಿಚಿತರಿಬ್ಬರ ನಡುವೆ ಅನುರಾಗವನ್ನು ಉತ್ಪಾದಿಸುವ ಗಣಕೀಯ ಪ್ರಕ್ರಿಯೆಯ ತಾತ್ತ್ವಿಕ ನೆಲೆಗಟ್ಟನ್ನು ಸಾಂಸ್ಕೃತಿಕ ಸಂಕಥನದ ಚೌಕಟ್ಟಿನಲ್ಲಿ ಸಮಸ್ಯಾತ್ಮಕಗೊಳಿಸುವುದೇ ಪ್ರಸ್ತುತ ಪ್ರಬಂಧದ ಘನೋದ್ದೇಶ. ಈ ವಾಕ್ಯ ಅರ್ಥವಾಗದವರು ಗಾಬರಿಯಾಗಬೇಕಿಲ್ಲ. ವಿಚಾರಸಂಕಿರಣದ ಮುಂದಿನ ಸಾಲಿನಲ್ಲಿ ತಲೆಯಾಡಿಸಿದವರಿಗೂ ಆಗಿರಲಿಲ್ಲ. ಬಳಕೆದಾರನನ್ನು ಅರಿಯಲು ಡೇಟಿಂಗ್ ಆ್ಯಪ್‌ಗಿರುವ ಪ್ರಮಾಣಗಳು, ನೈಯಾಯಿಕರು ಒಪ್ಪಿದಂತೆಯೇ, ನಾಲ್ಕು: ಶಬ್ದ, ಪ್ರತ್ಯಕ್ಷ, ಅನುಮಾನ, ಉಪಮಾನ.

2. ಶಬ್ದ ಪ್ರಮಾಣ

ಆಪ್ತವಾಕ್ಯವೇ ಶಬ್ದಪ್ರಮಾಣ. ಇಲ್ಲಿ ಬಯೋ ಬರೆಯುವಾತ ತನಗೆ ತಾನೇ ಆಪ್ತ. ಪ್ರವಾಸಪ್ರಿಯ, ಕಾಫಿಪ್ರಿಯ, ಶ್ವಾನಪ್ರಿಯ ಎಂಬ ಪ್ರಿಯತ್ರಯದ ಆಚೆಗೆ ಮನುಷ್ಯಗುಣವಿಲ್ಲ. ವ್ಯಾಕರಣ ಮಾತ್ರ ಶುದ್ಧ ಕನ್ನಡದ್ದು: ವಯಸ್ಸಿನಲ್ಲಿ ಲೋಪಸಂಧಿ, ಎತ್ತರದಲ್ಲಿ ಆಗಮಸಂಧಿ, ‘ವಿವಾಹಿತ’ ಇದ್ದಲ್ಲಿ ‘ಅವಿವಾಹಿತ’ ಬಂದರೆ ಆದೇಶಸಂಧಿ.

3. ಪ್ರತ್ಯಕ್ಷ ಪ್ರಮಾಣ

ಟಿಂಡರ್ 2020ರಲ್ಲಿ ಫೋಟೋ ಪರಿಶೀಲನೆಯನ್ನು ತಂದಿತು. ಹೇಳಿದಂತೆ ಸೆಲ್ಫಿ ಅರ್ಪಿಸಿದರೆ ಅದನ್ನು ಪ್ರೊಫೈಲಿನ ಚಿತ್ರದೊಡನೆ ತಾಳೆ ನೋಡಿ ನೀಲಿ ಗುರುತು ದಯಪಾಲಿಸಲಾಗುವುದು. ಇದರಿಂದ ಸಿದ್ಧವಾಗುವುದು ಮುಖವು ಅದೇ ಮುಖ ಎಂಬಷ್ಟೇ. ಆ ಮುಖಕ್ಕೆ ಮನೆಯಲ್ಲಿ ಹೆಂಡತಿ, ಇಬ್ಬರು ಮಕ್ಕಳು ಇದ್ದಾರೆಯೇ ಎಂಬುದು ಪ್ರಮಾಣದ ವ್ಯಾಪ್ತಿಗೆ ಹೊರತು. ವಧೂವರರ ತಾಣಗಳು ಗುರುತಿನ ದಾಖಲೆ ಕೇಳಬೇಕು, ತಾವು ಡೇಟಿಂಗ್ ತಾಣವಲ್ಲವೆಂದು ಸಾರಬೇಕು ಎಂದು ಭಾರತ ಸರ್ಕಾರ 2016ರಲ್ಲೇ ಸೂಚಿಸಿತ್ತು. ಹೀಗೆ ಮದುವೆಗೆ ದಾಖಲೆ, ಪ್ರೇಮಕ್ಕೆ ಸೆಲ್ಫಿ.

4. ಅನುಮಾನ ಪ್ರಮಾಣ

ಆರ್ಪಾಡ್ ಎಲೊ ಎಂಬ ಭೌತವಿಜ್ಞಾನಿ ಚೆಸ್ ಆಟಗಾರರ ಬಲಾಬಲ ಅಳೆಯಲು ಒಂದು ಅಂಕಪದ್ಧತಿ ಕಟ್ಟಿದ. ಟಿಂಡರ್ ಅದರಲ್ಲಿ ಚೆಲುವನ್ನು ಅಳೆಯಿತು. 2019ರಲ್ಲಿ, ಅದೆಲ್ಲ ಹಳೆಯ ಮಾತು ಎಂದಿತು. ಹಿಂಜ್ ಎಂಬ ಇನ್ನೊಂದು ಆ್ಯಪ್ ನೆಚ್ಚಿದ್ದು ಗೇಲ್ ಮತ್ತು ಶಾಪ್ಲಿ 1962ರಲ್ಲಿ ಮಂಡಿಸಿದ ಸ್ಥಿರ ವಿವಾಹದ ಗಣಿತವನ್ನು. ಶಾಪ್ಲಿಗೆ 2012ರಲ್ಲಿ ಅರ್ಥಶಾಸ್ತ್ರದ ನೊಬೆಲ್ ಬಂತು. ಬಳಕೆದಾರನಿಗೆ ‘ಹಾಯ್’ ಬಂತು, ಆಮೇಲೆ ಅದೂ ಇಲ್ಲ.

ಓಕೆಕ್ಯುಪಿಡ್ ಇನ್ನೂ ಮುಂದೆ ಹೋಯಿತು. ಶೇ. 30 ಹೊಂದಾಣಿಕೆಯ ಕೆಲವು ಜೋಡಿಗಳಿಗೆ ಶೇ. 90 ಎಂದು ಹೇಳಿ ನೋಡಿದೆವೆಂದು 2014ರಲ್ಲಿ ತಾನೇ ಹೇಳಿಕೊಂಡಿತು. ನಮ್ಮ ಜೋಯಿಸರು ಸಾಲಾವಳಿಯಲ್ಲಿ 36ಕ್ಕೆ 11 ಗುಣ ಬಂದದ್ದನ್ನು 32 ಎಂದು ಬರೆದಿದ್ದರೆ ಹೆಣ್ಣಿನ ಕಡೆಯವರು ಜಗಲಿಯೇರಿ ಜಗಳಕ್ಕೆ ನಿಲ್ಲುತ್ತಿದ್ದರು. ಕಂಪನಿ ಮಾಡಿದರೆ ಅದು ಪ್ರಯೋಗ.

5. ಉಪಮಾನ ಪ್ರಮಾಣ

ಇದರ ಒಳಭೇದಗಳು… ಬಿಡಿ, ಸಾಕು.

ಅಮೆರಿಕದ ಫೆಡರಲ್ ಟ್ರೇಡ್ ಕಮಿಷನ್ 2019ರಲ್ಲಿ, ಈ ಮೂರೂ ಆ್ಯಪ್‌ಗಳ ಒಡೆಯನಾದ ಮ್ಯಾಚ್ ಗ್ರೂಪ್ ಮೇಲೆ ದಾವೆ ಹೂಡಿತು. ಮೋಸದ್ದಿರಬಹುದೆಂದು ತಾನೇ ಗುರುತಿಸಿದ ಖಾತೆಗಳ ಸಂದೇಶಗಳನ್ನು ಕಂಪನಿ ಚಂದಾದಾರರಿಗೆ ತಲುಪದಂತೆ ತಡೆಯಿತು; ಚಂದಾ ಕಟ್ಟದವರಿಗೆ ಮಾತ್ರ ಅವುಗಳನ್ನೇ ತೋರಿಸಿ, ಯಾರೋ ನಿಮಗೆ ಮನಸೋತಿದ್ದಾರೆ, ಚಂದಾ ಕಟ್ಟಿ ಎಂದಿತು ಎಂಬುದು ಆರೋಪ. ಕಂಪನಿ ಒಪ್ಪಲಿಲ್ಲ. ಅನ್ಯರ ಬರಹಕ್ಕೆ ವೇದಿಕೆ ಹೊಣೆಯಲ್ಲ ಎಂಬ ಕಾನೂನಿನಡಿ ಕೋರ್ಟು 2022ರಲ್ಲಿ ಆ ಆರೋಪವನ್ನು ವಜಾ ಮಾಡಿತು. ಉಳಿದ ಆರೋಪಗಳು 2025ರಲ್ಲಿ 1 ಕೋಟಿ 40 ಲಕ್ಷ ಡಾಲರಿಗೆ ರಾಜಿಯಾದವು.

ಆರೋಪ ನಿಜವೋ ಸುಳ್ಳೋ, ಒಂದಂತೂ ಅದರಿಂದ ಹೊರಬಿತ್ತು: ಅನುಮಾನಾಸ್ಪದ ಖಾತೆಯನ್ನು ಹಿಡಿಯುವ ಯಂತ್ರ ಅವರ ಬಳಿ ಇದೆ. ಮೂರನೆಯ ಪಾಳಿ ಮುಗಿಸಿ ಪಿ.ಜಿ. ಕೋಣೆಗೆ ಬಂದು ಮಲಗಿದವನಿಗೆ, ಗಂಡ ತೀರಿಕೊಂಡು ವರ್ಷಗಳಾದ ಮೇಲೆ ಮಗಳ ಒತ್ತಾಯಕ್ಕೆ ಆ್ಯಪ್ ಹಾಕಿಕೊಂಡವಳಿಗೆ, ಮಾತಾಡಲು ಒಂದು ಜೀವ ಬೇಕಾಗಿದೆ. ಅದರಲ್ಲಿ ನಗುವಂಥದ್ದು ಏನೂ ಇಲ್ಲ. ಅವರು ಕ್ಯಾಮೆರಾದ ಮುಂದೆ ಎಡಕ್ಕೆ ಬಲಕ್ಕೆ ಕತ್ತು ತಿರುಗಿಸಿ ತಾವು ನಿಜವೆಂದು ರುಜುವಾತು ಮಾಡುತ್ತಾರೆ. ಆಮೇಲೆ ಪರದೆಯ ಮೇಲೆ ಒಂದು ಮಸುಕು ಮುಖ ಬರುತ್ತದೆ: ಇವರು ನಿಮ್ಮನ್ನು ಮೆಚ್ಚಿದ್ದಾರೆ, ನೋಡಬೇಕಾದರೆ ಹಣ ಕಟ್ಟಿ.

ಮಸುಕು ತೆಗೆಯಲು ಕಾಸು ಕೇಳಿ, ಬೇಡವೆನ್ನುವುದಿಲ್ಲ. ಆ ಮುಖದ ಹಿಂದೆ ಮನುಷ್ಯ ಇದ್ದಾನೋ ಇಲ್ಲವೋ, ಅಷ್ಟನ್ನು ಮಾತ್ರ ಮೊದಲು ಪುಕ್ಕಟೆಯಾಗಿ ಹೇಳಿ.